ಮೂರು ಕ್ಲಿಪ್ಪಿನ ಹಾಳೆ

ಆಸ್ಟ್ರೇಲಿಯಾದ ಒಂದು ಪತ್ರಿಕೆಯಲ್ಲಿ ಅವರ ಬಗ್ಗೆ ಎರಡು ಪ್ಯಾರಾ ಬಂದಿತ್ತು. ನಮ್ಮವರು ಆಫೀಸಿನಿಂದಲೇ ಲಿಂಕ್ ಕಳಿಸಿದರು. ಚಿತ್ರಕಥೆ ಬರೆದು ನಿರ್ದೇಶಿಸಿದ ಸಿನಿಮಾ ನಾಲ್ಕು, ಮೊದಲನೆಯದಕ್ಕೆ ಬಹುಮಾನ, ಎರಡನೆಯದರ ಚಿತ್ರೀಕರಣದಲ್ಲಿ ಒಂದು ಅಪಘಾತ, ಆಮೇಲೆ ಜಪಾನಿನಲ್ಲಿ ವಾಸ, ಎಪ್ಪತ್ತಾರನೆಯ ವಯಸ್ಸಿನಲ್ಲಿ ಟೋಕಿಯೋದಲ್ಲಿ ನಿಧನ. ಹುರುಳಿಕಾಯಿ ಸೋಸುತ್ತಾ ಓದಿದೆ. ನಾಲ್ಕು ಕಾಯಿ ಸೋಸುವಷ್ಟರಲ್ಲಿ ಅವರ ಬದುಕು ಮುಗಿದೇಹೋಯಿತು.

ತಪ್ಪೇನೂ ಇರಲಿಲ್ಲ ಅದರಲ್ಲಿ. ಆದರೆ ಅವರು ಯಾರ ಮುಖ ನೋಡಬೇಕಾದರೂ ಆ ಮನುಷ್ಯರ ಕಿವಿಯ ಕಡೆ ನೋಡುತ್ತಿದ್ದರು ಅನ್ನುವುದು ಇರಲಿಲ್ಲ. ಕಣ್ಣಿನ ನಡುಭಾಗ ಸವೆದುಹೋಗುವ ಕಾಯಿಲೆ. ನೇರ ನೋಡಿದರೆ ಬೂದು ಮಚ್ಚೆ, ಪಕ್ಕಕ್ಕೆ ನೋಡಿದರೆ ಅಂಚಿನಲ್ಲಿ ಒಂಚೂರು ಮುಖ. ಮೊದಲ ಸಲ ಲಿಫ್ಟಿನಲ್ಲಿ ಸಿಕ್ಕಾಗ ನನ್ನ ಓಲೆಯನ್ನೇ ನೋಡುತ್ತಿದ್ದಾರೆ ಅಂದುಕೊಂಡು, ತಿರುಪು ಬಿದ್ದುಹೋಗಿದೆಯೇನೋ ಅಂತ ಮನೆಗೆ ಬಂದು ಕನ್ನಡಿ ನೋಡಿಕೊಂಡಿದ್ದೆ.

ಟೋಕಿಯೋದ ಫುನಾಬೊರಿ ಬಡಾವಣೆಯ ಈ ಕಟ್ಟಡದಲ್ಲಿ ನಮ್ಮದು ಐದನೇ ಮಹಡಿ, ಅವರದು ಮೂರನೇದು. ಇಲ್ಲಿ ಅಕ್ಕಪಕ್ಕದವರು ಊರು, ಮನೆತನ ಎಲ್ಲ ಕೇಳುವುದಿಲ್ಲ. ತಲೆ ಬಾಗಿಸಿ ದಾರಿ ಬಿಟ್ಟರೆ ಆಯಿತು. ಹಾಗೇ ಎರಡು ವರ್ಷ ಕಳೆದಿತ್ತು. ಒಂದು ಭಾನುವಾರ ಕಾಲುವೆ ಪಕ್ಕದ ಬೆಂಚಿನಲ್ಲಿ ಕೂತು ಮಗಳು ಇಂಚರಾಗೆ ಇಂಗ್ಲಿಷ್ ಕಥೆಪುಸ್ತಕ ಓದಿ ಹೇಳುತ್ತಿದ್ದೆ. ಎಂಟು ವರ್ಷದ ಅವಳು ಕೇಳುತ್ತಿರಲಿಲ್ಲ, ಬಾತುಕೋಳಿಗಳಿಗೆ ಜಪಾನಿ ಭಾಷೆಯಲ್ಲಿ ಏನೋ ಬುದ್ಧಿ ಹೇಳುತ್ತಿದ್ದಳು. ಪಕ್ಕದ ಬೆಂಚಿನಿಂದ ಅವರ ದನಿ ಬಂತು.

"ಹೀಗೆ ಓದುವುದನ್ನು ಯಾರು ಕಲಿಸಿದರು?"

"ಸ್ಕೂಲಿನಲ್ಲಿ ಸರ್. ಮೈಸೂರಿನ ಕಾನ್ವೆಂಟು. ಎಲೊಕ್ಯೂಷನ್ ಕ್ಲಾಸು."

"ಪೂರ್ಣವಿರಾಮ ಕೇಳಿಸುತ್ತದೆ. ನೀನು ನಟಿಸುವುದಿಲ್ಲ. ನಟಿಸುವವರನ್ನು ಕಂಡರೆ ನನಗೆ ಈಗ ಭಯ. ಮತ್ತೆ, ಸರ್ ಅನ್ನಬೇಡ. ನಮ್ಮೂರಲ್ಲಿ ನನ್ನನ್ನು ಸರ್ ಅಂದವರು ಪೊಲೀಸರು ಮಾತ್ರ, ಅದೂ ಲೈಸೆನ್ಸ್ ಕಿತ್ತುಕೊಳ್ಳುವಾಗ."

ಆಡುತ್ತಿದ್ದದ್ದು ಇಂಗ್ಲಿಷೇ. ಆದರೆ ಅವರ ಮಾತು ನನ್ನ ಕಿವಿಗೆ ಬೀಳುತ್ತಿದ್ದದ್ದು ಸೋದರಮಾವನ ಮಾತಿನ ಹಾಗೆ. ಅದಕ್ಕೇ 'ನೀನು' ಅಂತಲೇ ಬರೆಯುತ್ತಿದ್ದೇನೆ. ಸರ್ ಅನ್ನುವುದನ್ನು ನಾನು ಬಿಡಲಿಲ್ಲ. ಅಭ್ಯಾಸ.

ಅವರಿಗೆ ಬೇಕಾಗಿದ್ದದ್ದು ಓದುವವರು. ಹದಿನಾರು ವರ್ಷ ಬಿಟ್ಟುಬಿಟ್ಟು ಬರೆದ ಒಂದು ಚಿತ್ರಕಥೆ ಇತ್ತು. ಅದನ್ನು ತಿದ್ದಿ ಮುಗಿಸುವ ಹೊತ್ತಿಗೆ ಕಣ್ಣು ಕೈಕೊಟ್ಟಿತ್ತು. ಕಂಪ್ಯೂಟರಿನಿಂದ ಓದಿಸಿ ನೋಡಿದ್ದರಂತೆ. "ಅದು ಓದಿದರೆ ಸಾಯುವವನು, ಸಾಯಿಸಿದವನು, ಅಳುವವಳು, ಎಲ್ಲರೂ ಬ್ಯಾಂಕಿನಿಂದ ಫೋನ್ ಮಾಡಿದ ಹಾಗಿರುತ್ತದೆ." ಮಂಗಳವಾರ, ಗುರುವಾರ ಇಂಚರಾ ಸ್ಕೂಲಿಗೆ ಹೋದಮೇಲೆ ಎರಡು ಗಂಟೆ ಬರುತ್ತೇನೆ ಅಂದೆ. ನಮ್ಮವರಿಗೆ ತಮಾಷೆ. "ಸೊಸೆ ಸಿನಿಮಾ ಸೇರಿದಳು ಅಂತ ಅಮ್ಮನಿಗೆ ಹೇಳಲಾ?" ಅಂದರು. "ಹೇಳಿ, ಆಮೇಲೆ ಬಸ್ಸಾರು ನೀವೇ ಮಾಡಿಕೊಳ್ಳಿ" ಅಂದೆ.

ಅವರ ಮನೆಯಲ್ಲಿ ಮೇಜಿನ ಮೇಲೆ ಒಂದು ಹಾಳೆಯೂ ಇರುತ್ತಿರಲಿಲ್ಲ. ಕೋಣೆಯ ಒಂದು ಗೋಡೆಯಿಂದ ಇನ್ನೊಂದಕ್ಕೆ ಬಟ್ಟೆ ಒಣಹಾಕುವ ಹಗ್ಗ ಮೂರು ಸಾಲು ಕಟ್ಟಿದ್ದರು. ಒಂದೊಂದು ದೃಶ್ಯ ಒಂದೊಂದು ಹಾಳೆ, ಕ್ಲಿಪ್ಪು ಹಾಕಿ ನೇತುಬಿಟ್ಟದ್ದು. ಸರಿಯಾದ ದೃಶ್ಯಕ್ಕೆ ಒಂದು ಕ್ಲಿಪ್ಪು, ಇನ್ನೂ ಕೆಲಸ ಇದ್ದದ್ದಕ್ಕೆ ಎರಡು. ಬೆರಳಿನಿಂದ ಎಣಿಸಿಕೊಂಡು ಹೋಗಿ "ಇದು" ಅನ್ನುವರು. ನಾನು ಬಿಚ್ಚಿ ಓದಬೇಕು. ಬೇಡವಾದ ದೃಶ್ಯವನ್ನು ಹಗ್ಗದಿಂದ ತೆಗೆದು, ಅಕ್ಕಪಕ್ಕದ ಹಾಳೆಗಳನ್ನು ಹತ್ತಿರ ಸರಿಸಿ, ನಡುವಿನ ಜಾಗವನ್ನು ಅಂಗೈಯಿಂದ ಮುಟ್ಟಿ ನೋಡುವರು. "ಒಂದಕ್ಕೊಂದು ಅಂಟಿತೋ ಇಲ್ಲವೋ?" ಅಂತ ನನ್ನನ್ನು ಕೇಳುವರು. ನನಗೇನು ಗೊತ್ತು? ನಾನು ಬಾರ್ಲಿ ಟೀ ಬಗ್ಗಿಸುವೆ.

ಮೂರು ಕ್ಲಿಪ್ಪಿನದು ಒಂದೇ ಹಾಳೆ ಇತ್ತು. ಬಾಗಿಲ ಹತ್ತಿರದ ಹಗ್ಗದಲ್ಲಿ. ಅದನ್ನು ಬಹಳ ದಿನ ಮುಟ್ಟಲಿಲ್ಲ.

ಅವರ ವಿಷಯ ಅವರೇ ಹೇಳಿಕೊಂಡದ್ದು ತುಂಡುತುಂಡಾಗಿ. ಮೊದಲ ಸಿನಿಮಾ ಮಾಡಿದಾಗ ಕ್ಯಾಮೆರಾದ ಯಾವ ಕಡೆಯಿಂದ ನೋಡಬೇಕು ಅನ್ನುವುದೂ ಗೊತ್ತಿರಲಿಲ್ಲವಂತೆ, ಅದಕ್ಕೇ ಅದು ಚೆನ್ನಾಗಿತ್ತಂತೆ. ಮೂರನೆಯದನ್ನು ಹಿರೋಷಿಮಾ ಕಡೆಯ ಒಂದು ಪುಟ್ಟ ಬಂದರಿನಲ್ಲಿ ತೆಗೆಯಲು ಬಂದು, ಶಬ್ದ ಹಿಡಿಯುವ ಕೆಲಸಕ್ಕೆ ಬಂದ ಹೆಂಗಸನ್ನು ಮದುವೆಯಾಗಿ ಇಲ್ಲೇ ಉಳಿದುಬಿಟ್ಟರು. ಆಕೆ ಹೋಗಿ ಆರು ವರ್ಷ. ಫೋಟೋದಲ್ಲಿ ಕುತ್ತಿಗೆಗೆ ಹೆಡ್‌ಫೋನ್ ಹಾಕಿಕೊಂಡು, ಯಾರನ್ನೋ "ಶ್" ಅನ್ನುತ್ತಿರುವ ಹಾಗಿದ್ದರು. ನಾಲ್ಕನೆಯ ಸಿನಿಮಾದ ಮಾತೇ ಎತ್ತುತ್ತಿರಲಿಲ್ಲ. ಕೊನೆಕೊನೆಗೆ ಜಪಾನಿ ಸಿನಿಮಾಗಳ ಇಂಗ್ಲಿಷ್ ಸಬ್‌ಟೈಟಲ್ ತಿದ್ದಿ ಕೊಡುತ್ತಿದ್ದರು. "ಪರದೆ ಪೂರ್ತಿ ನನ್ನದಾಗಿತ್ತು. ಈಗ ತಳದ ಎರಡು ಸಾಲು" ಅನ್ನುವರು. ನಗು ಬರದ ಹಾಗೆ ಹೇಳುವರು, ಅದಕ್ಕೆ ನಾನೂ ನಗುತ್ತಿರಲಿಲ್ಲ.

ನಾನು ಒಯ್ದ ಉಪ್ಪಿಟ್ಟಿಗೆ ಸೋಯಾ ಸಾಸ್ ಸುರಿದುಕೊಂಡು ತಿನ್ನುತ್ತಿದ್ದರು. ಕೇಳದೇ ಇದ್ದರೂ "ಇವತ್ತು ಉಪ್ಪು ಕಮ್ಮಿ" ಅನ್ನುವರು. ನನ್ನ ಓದಿನ ಬಗ್ಗೆಯೂ ಅಷ್ಟೇ ನೇರ. "ಇಲ್ಲಿ ಮುದುಕ ಸುಳ್ಳು ಹೇಳುತ್ತಿದ್ದಾನೆ, ನೀನು ನಂಬಿ ಓದಿದೆ. ಪಾಪ, ಒಳ್ಳೇ ಹುಡುಗಿ." ಜನ ಬಾಗಿಲಲ್ಲಿ ನಿಂತು ಆಡುವ ಮಾತೇ ನಿಜವಾದದ್ದು, ಒಳಗೆ ಬಂದು ಕೂತಮೇಲೆ ಸುಳ್ಳು ಶುರುವಾಗುತ್ತದೆ ಅನ್ನುವುದು ಅವರ ಸಿದ್ಧಾಂತ. ಅವರ ಕಥೆಯಲ್ಲಿ ಮುಖ್ಯವಾದದ್ದೆಲ್ಲ ಹೊಸ್ತಿಲ ಮೇಲೇ ನಡೆಯುತ್ತಿತ್ತು.

ಎರಡು ವಿಷಯ ನಾನು ಗಮನಿಸಿದ್ದೆ, ಅರ್ಥವಾಗಿರಲಿಲ್ಲ. ಕಾರು ಹತ್ತುತ್ತಿರಲಿಲ್ಲ. ಕಣ್ಣಿನ ಆಸ್ಪತ್ರೆಗೆ ಹೋಗುವ ದಿನ ಜೋರು ಮಳೆ, ಟ್ಯಾಕ್ಸಿ ಕಟ್ಟಡದ ಮುಂದೆಯೇ ಬಂದು ನಿಂತಿತ್ತು. "ಸುಮಿಮಾಸೆನ್, ಕ್ಷಮಿಸಿ" ಅಂತ ಡ್ರೈವರ್‌ಗೆ ತಲೆ ಬಾಗಿಸಿ ಕಳಿಸಿಬಿಟ್ಟು, ನನ್ನ ಕೊಡೆ ಹಿಡಿದುಕೊಂಡು, ಎರಡು ಕಡೆ ರೈಲು ಬದಲಾಯಿಸಿ ಹೋದರು. ಇನ್ನೊಂದು, ಯಾವತ್ತೂ "ಇನ್ನೊಂದು ಸಲ ಓದು" ಅನ್ನುತ್ತಿರಲಿಲ್ಲ. ಆಂಬುಲೆನ್ಸ್ ಹೋಗಿ ಸಾಲು ಕೇಳಿಸದಿದ್ದರೂ ಸುಮ್ಮನೆ ಮುಂದಿನದಕ್ಕೆ ಕಾಯುತ್ತಿದ್ದರು.

ಮೂರು ಕ್ಲಿಪ್ಪಿನ ಹಾಳೆ ಬಿಚ್ಚುವ ಹಿಂದಿನ ವಾರ ಎಲ್ಲ ಹೇಳಿದರು. ಎರಡನೆಯ ಸಿನಿಮಾದಲ್ಲಿ ಒಂದು ಕಾರು ಏರಿಯ ಮೇಲಿಂದ ಹಾರಬೇಕಿತ್ತು. ಸ್ಟಂಟ್ ಡ್ರೈವರ್ ಅವರ ಸ್ನೇಹಿತ, ನಲವತ್ತೆರಡು ವರ್ಷ. ನಾಲ್ಕು ಸಲ ಹಾರಿಸಿದ. ಟೈರು ಸವೆದಿದೆ, ಸಾಕು ಅಂದ. ಬೆಳಕು ಚೆನ್ನಾಗಿತ್ತು. ಇವರು "ಇನ್ನೊಂದೇ ಸಲ" ಅಂದರು. ಐದನೆಯ ಸಲ ಕಾರು ಮಗುಚಿ, ಆತ ಅಲ್ಲೇ ಹೋದ. ಹನ್ನೊಂದು ದಿನದ ಮೇಲೆ ಆತನ ಹೆಂಡತಿ ಇವರ ಮನೆ ಬಾಗಿಲಿಗೆ ಬಂದು ನಿಂತಳು.

"ಅವಳು ಅಂದದ್ದಷ್ಟೂ ಆ ಹಾಳೆಯಲ್ಲಿದೆ" ಅಂದರು. "ಕಥೆಯಲ್ಲಿ ಸಾಯುವವನು ಅವಳ ಗಂಡ. ಇದು ಅವಳ ದೃಶ್ಯ. ಮುಗಿಸಿ ಮೊದಲು ಅವಳಿಗೆ ಕಳಿಸಬೇಕು. ಅವಳು ಸರಿ ಅಂದರೆ ಮಾತ್ರ ಸಿನಿಮಾ. ಇಲ್ಲದಿದ್ದರೆ ಇಲ್ಲ." ಮೆಲ್ಬರ್ನಿನಲ್ಲಿದ್ದ ಅವರ ನಿರ್ಮಾಪಕಿ, ಹಳೇ ಸ್ನೇಹಿತೆ, ಇದಕ್ಕೆ ಒಪ್ಪಿದ್ದಳು. ಮೂವತ್ತೈದು ವರ್ಷದಿಂದ ಹೇಳಬೇಕಾದ್ದನ್ನು ಕಣ್ಣು ಪೂರ್ತಿ ಹೋಗುವ ಮುಂಚೆ ಹೇಳಿ ಮುಗಿಸಬೇಕು, ಅಷ್ಟೇ ಅವರಿಗೆ ಬೇಕಾಗಿದ್ದದ್ದು.

ಗುರುವಾರ ಓದಲು ಕೂತೆ. ಅವರು ಎರಡೂ ಕೈಯನ್ನು ತೊಡೆಯ ಕೆಳಗೆ ಸೇರಿಸಿಕೊಂಡು, ಪರೀಕ್ಷೆಗೆ ಕೂತ ಮಗುವಿನ ಹಾಗೆ ಕೂತಿದ್ದರು. ಹಾಳೆಯ ನಡುವೆ ಆ ಸಾಲು. ಬಾಗಿಲಲ್ಲಿ ನಿಂತ ಹೆಂಗಸು ಹೇಳುತ್ತಾಳೆ: "ನಿನಗೆ ಬೆಳಕು ಬೇಕಿತ್ತು. ಆ ಕಾರಿನಲ್ಲಿ ನೀನೇ ಕೂತು ಸಾಯಬೇಕಿತ್ತು."

ನಾನು ಓದಿದ್ದು, "ಆ ಕಾರಿನಲ್ಲಿ ಯಾರೂ ಇರಬಾರದಿತ್ತು" ಅಂತ.

ಬೇಕಂತ ಮಾಡಿದ್ದಲ್ಲ ಅಂತ ಹೇಳಿದರೆ ಸುಳ್ಳಾಗುತ್ತದೆ. ಕಣ್ಣು ಆ ಸಾಲು ಕಂಡಿತು, ಬಾಯಿ ಬೇರೆ ಕಟ್ಟಿಕೊಂಡಿತು. ಚಿಕ್ಕಂದಿನಲ್ಲಿ ಅಜ್ಜಿಗೆ ಬಂದ ಕಾಗದಗಳನ್ನೆಲ್ಲ ನಾನೇ ಓದುತ್ತಿದ್ದೆ. ಅಜ್ಜಿಗೆ ಓದು ಬರುತ್ತಿರಲಿಲ್ಲ. ಮುಂಬೈಯ ದೊಡ್ಡಪ್ಪ ಆಸ್ತಿ ವಿಷಯಕ್ಕೆ ಬೈದು ಬರೆದದ್ದನ್ನು ಬಿಟ್ಟು, "ಆರೋಗ್ಯ ನೋಡಿಕೊ ಅಂತ ಬರೆದಿದ್ದಾರೆ" ಅಂತ ಸೇರಿಸುತ್ತಿದ್ದೆ. ಅಮ್ಮ ಒಳಗಿನಿಂದ ಕಣ್ಣಲ್ಲೇ ಶಹಭಾಸ್ ಅನ್ನುವಳು. ದೊಡ್ಡವರಿಗೆ ಓದಿ ಹೇಳುವುದು ಅಂದರೆ ಹೀಗೇ ಅಂತ ಬೆಳೆದವಳು ನಾನು. ಆವತ್ತು "ಕೊಲೆಗಾರ" ಅನ್ನುವುದನ್ನೂ "ಯೋಚನೆ ಇಲ್ಲದವನು" ಮಾಡಿದೆ.

ಅವರ ತೊಡೆ ಕೆಳಗಿನ ಕೈ ಒಂದೊಂದಾಗಿ ಹೊರಗೆ ಬಂತು.

"ಹಾಗೇನಾ ಇರೋದು?" ಅಂದರು.

"ಹೂಂ ಸರ್."

ಆಮೇಲಿನ ಎರಡು ತಿಂಗಳು ಅವರು ಬೇರೆಯೇ ಮನುಷ್ಯ. ಕ್ಷೌರ ಮಾಡಿಸಿಕೊಂಡರು. ಇಂಚರಾ ಎದುರಿಗೆ ಸಿಕ್ಕರೆ ಅವಳ ಟೋಪಿ ಎತ್ತಿ ತಮ್ಮ ತಲೆಗೆ ಹಾಕಿಕೊಳ್ಳುವರು, ಅವಳು "ಯಮೇತೆ, ಬಿಡಿ!" ಅಂತ ಕಿರುಚುವಳು. ಬಾಗಿಲ ದೃಶ್ಯದ ಮುಂದಕ್ಕೆ ಹೊಸ ದೃಶ್ಯ ಹೇಳಿ ಬರೆಸಿದರು. ಆ ಹೆಂಗಸು ಒಳಗೆ ಬರುತ್ತಾಳೆ, ಅವನು ಟೀ ಮಾಡಿಕೊಡುತ್ತಾನೆ, ತನ್ನ ಮೇಲೆ ತಪ್ಪು ಹೊರಿಸದೇ ಇದ್ದದ್ದಕ್ಕೆ ಥ್ಯಾಂಕ್ಸ್ ಅನ್ನುತ್ತಾನೆ. ಅವರು ಹೇಳಿದ ಹಾಗೆ ಕಂಪ್ಯೂಟರಿನಲ್ಲಿ ಟೈಪ್ ಮಾಡಿದೆ. ಹಿಂದಿನ ಸಾಲನ್ನು ಮುಟ್ಟಲಿಲ್ಲ. ಅವರು ಬರೆದದ್ದನ್ನು ಬದಲಾಯಿಸುವ ಧೈರ್ಯ ನನಗಿರಲಿಲ್ಲ. ಓದುವಾಗ ಮಾತ್ರ ಬದಲಾಯಿಸಿದರೆ ಅದು ಮೋಸವಲ್ಲ ಅಂತ ನನ್ನ ಲೆಕ್ಕ. ಮನುಷ್ಯ ಉಂಡು ಮಲಗುತ್ತಿದ್ದಾರಲ್ಲ, ಒಳ್ಳೇದೇ ಆಯಿತು ಅಂದುಕೊಂಡೆ. ಬಾಗಿಲ ಹತ್ತಿರದ ಹಾಳೆಯಿಂದ ಅವರೇ ಎರಡು ಕ್ಲಿಪ್ಪು ತೆಗೆದರು.

ಪೂರ್ತಿ ಕಥೆಯನ್ನು ಮೆಲ್ಬರ್ನಿಗೆ ಕಳಿಸಿದ ಮುಂದಿನ ಮಂಗಳವಾರ ನಿರ್ಮಾಪಕಿಯ ಫೋನು ಬಂತು. ಅವರು ಫೋನನ್ನು ಮೇಜಿನ ಮೇಲಿಟ್ಟು ಸ್ಪೀಕರಿಗೆ ಹಾಕಿದರು. ನಾನು ತಟ್ಟೆ ಒರೆಸುತ್ತಿದ್ದೆ.

"ಎಲ್ಲ ಚೆನ್ನಾಗಿದೆ. ಆದರೆ ಬಾಗಿಲ ದೃಶ್ಯ ಆದಮೇಲೆ ಏನಾಯಿತು ನಿನಗೆ?" ಆಕೆಯದು ದೊಡ್ಡ ಗಂಟಲು. "ನೀನೇ ಸಾಯಬೇಕಿತ್ತು ಅಂತಾಳೆ ಅವಳು. ಕೊಲೆಗಾರ ಅಂತಾಳೆ. ಇವನು ಟೀ ಕೊಟ್ಟು ಥ್ಯಾಂಕ್ಸ್ ಅಂತಾನೆ! ಹುಚ್ಚು ಹಿಡಿದಿದೆಯಾ ಅವನಿಗೆ? ಇದನ್ನು ಅವಳಿಗೆ ಕಳಿಸೋದಾ? ಅವಳು ನಿನ್ನನ್ನು ಕ್ಷಮಿಸಿಲ್ಲ ಕಣೋ. ಅವಳ ಹೆಸರಲ್ಲಿ ನೀನೇ ಕ್ಷಮಿಸಿಕೊಂಡುಬಿಟ್ಟಿದ್ದೀಯ."

ತಟ್ಟೆ ನನ್ನ ಕೈಯಲ್ಲೇ ಉಳಿಯಿತು. ಅವರು "ನೋಡುತ್ತೇನೆ" ಅಂತ ಫೋನಿಟ್ಟರು. ನನ್ನ ಕಿವಿಯ ಕಡೆ ತಿರುಗಿದರು.

"ಬಾಗಿಲ ಹತ್ತಿರದ್ದು ತೆಗಿ ವೀಣಾ-ಸಾನ್."

ತೆಗೆದೆ.

"ಅದರಲ್ಲಿ ಏನಿದೆಯೋ ಅದನ್ನು ಓದು."

ಓದಿದೆ. ಎಲೊಕ್ಯೂಷನ್ನಿಗೆ ಬಹುಮಾನ ತೆಗೆದುಕೊಂಡವಳಿಗೆ ನಾಲ್ಕು ಸಾಲು ಓದಲು ದನಿ ಸಾಲಲಿಲ್ಲ.

"ಮೊದಲಿಂದಲೂ ಹೀಗೇ ಇತ್ತಾ?"

"ಹೌದು ಸರ್. ನಿಮಗೆ ನೋವಾಗುತ್ತೆ ಅಂತ..."

ಬೈಯುತ್ತಾರೆ ಅಂದುಕೊಂಡೆ. ಬೈಯಲಿಲ್ಲ. ನಿಧಾನಕ್ಕೆ, ಉಪ್ಪು ಕಮ್ಮಿ ಅನ್ನುವ ದನಿಯಲ್ಲೇ ಹೇಳಿದರು. "ಆ ಮಾತು ಅವಳದು. ಗಂಡ ಹೋದಮೇಲೆ ಅವಳ ಹತ್ತಿರ ಉಳಿದದ್ದು ಅದೊಂದೇ. ನೀನು ಅದನ್ನು ಅವಳ ಕೈಯಿಂದ ತೆಗೆದು ನನಗೆ ಕೊಟ್ಟುಬಿಟ್ಟೆ."

ನಾನು ಅಳುವುದಕ್ಕೆ ಶುರುಮಾಡಿದೆ.

"ಅಳಬೇಡ. ನನಗೆ ಆ ಸಾಲು ಬಾಯಿಪಾಠ. ನೀನು ಬೇರೆ ಓದಿದಾಗ ಒತ್ತಿ ಕೇಳಬಹುದಿತ್ತು. ನಾನೇ ಬರೆಯುವಾಗ ಮೆತ್ತಗೆ ಮಾಡಿದ್ದೆನೇನೋ, ಅಥವಾ ಅವಳು ಅಂದದ್ದೇ ಹೀಗೇನೋ, ನನ್ನ ತಲೆಯೇ ಇಷ್ಟು ವರ್ಷ ಕೆಟ್ಟದಾಗಿ ಇಟ್ಟುಕೊಂಡಿತ್ತೇನೋ ಅಂದುಕೊಂಡೆ. ಬೇಕಾಗಿತ್ತು ನನಗೆ. ಎರಡು ತಿಂಗಳು ಎಷ್ಟು ಚೆನ್ನಾಗಿ ನಿದ್ದೆ ಬಂತು ಗೊತ್ತಾ?"

ಮನೆಗೆ ಬಂದು ನಮ್ಮವರಿಗೆ ಹೇಳಿದೆ. "ನೀನು ಒಳ್ಳೇದಕ್ಕೇ ತಾನೆ ಮಾಡಿದ್ದು?" ಅಂದರು. ಗುರುವಾರ ಹೋಗಲಿಲ್ಲ. ಹನ್ನೊಂದು ಗಂಟೆಗೆ ಬೆಲ್ಲಾಯಿತು. ಎರಡು ಮಹಡಿ ಹತ್ತಿ ಬಂದು, ಚೌಕಟ್ಟು ಹಿಡಿದುಕೊಂಡು ನಿಂತಿದ್ದರು. "ಸುಮಿಮಾಸೆನ್. ಓದುವವಳೊಬ್ಬಳು ಕಳೆದುಹೋಗಿದ್ದಾಳೆ. ಸುಳ್ಳು ಚೆನ್ನಾಗಿ ಓದುತ್ತಾಳೆ. ನಿಜ ಓದುವುದನ್ನು ಕಲಿಸಬೇಕಾಗಿದೆ." ನಾನು ಚಪ್ಪಲಿ ಮೆಟ್ಟಿಕೊಂಡು ಹಿಂದೆ ಹೋದೆ.

ಹೊಸ ದೃಶ್ಯಗಳನ್ನೆಲ್ಲ ಹಗ್ಗದಿಂದ ತೆಗೆಸಿದರು. ಟೀ ಹೋಯಿತು, ಥ್ಯಾಂಕ್ಸ್ ಹೋಯಿತು. ಆ ಹೆಂಗಸು ಹಾಗೆ ಅಂದ ಮೇಲೆ ಅವನು ಏನನ್ನಬೇಕು ಅಂತ ಮೂರು ವಾರ ಯೋಚಿಸಿದರು. ಕಡೆಗೆ ಬರೆಸಿದ್ದು ಇಷ್ಟೇ: ಅವನು ಮಾತಾಡುವುದಿಲ್ಲ. ಅವಳು ಬೀದಿಯ ತಿರುವು ದಾಟುವವರೆಗೆ ಬಾಗಿಲು ತೆರೆದೇ ಇರುತ್ತದೆ. ಆ ಹೊತ್ತಿಗೆ ಅವರಿಗೆ ಅಂಚೂ ಮಸುಕಾಗಿತ್ತು, ಉಸಿರಿನ ತೊಂದರೆ ಬೇರೆ. ಆ ಡ್ರೈವರನ ಹೆಂಡತಿಗೂ ವಯಸ್ಸಾಗಿದೆಯಲ್ಲ ಅಂತ ಕಥೆಯನ್ನು ದಪ್ಪ ಅಕ್ಷರದಲ್ಲಿ ಮುದ್ರಿಸಿ, ಅಂಚೆಯಲ್ಲಿ ಕಳಿಸಿದೆವು. ಪೋಸ್ಟಾಫೀಸಿನವರೆಗೆ ನಡೆದೇ ಬಂದರು. ಕೌಂಟರಿನ ಹುಡುಗಿಗೆ ಲಕೋಟೆ ಕೊಟ್ಟಮೇಲೂ ಎರಡು ಕ್ಷಣ ಕೈ ಬಿಡಲಿಲ್ಲ.

ಉತ್ತರ ಬಂದದ್ದು ಜನವರಿಯಲ್ಲಿ. ಅವರಾಗಲೇ ಆಸ್ಪತ್ರೆ ಸೇರಿದ್ದರು. ಟಪಾಲು ಡಬ್ಬಿಯ ಕೀ ನನ್ನ ಹತ್ತಿರ ಇತ್ತು. ತೆಳ್ಳಗಿನ ಲಕೋಟೆ. ರೈಲಿನಲ್ಲಿ ಕೂತು ಎರಡು ಸಲ ಬೆಳಕಿಗೆ ಹಿಡಿದು ನೋಡಿದೆ, ಒಡೆಯಲಿಲ್ಲ. ಮೊದಲೇ ಓದಿಕೊಂಡರೆ ನನ್ನ ಬಾಯಿಯನ್ನು ನಾನೇ ನಂಬುವ ಹಾಗಿರಲಿಲ್ಲ.

ಮಧ್ಯಾಹ್ನ ಮೂರಕ್ಕೆ ಒಳಗೆ ಬಿಟ್ಟರು. ಮೂಗಿಗೆ ಆಮ್ಲಜನಕದ ಕೊಳವೆ. ದನಿ ಕೇಳಿದ ಕಡೆ ತಿರುಗಿದರು.

"ಬಂತಾ?"

"ಬಂತು ಸರ್."

"ಓದು. ಹೇಗಿದೆಯೋ ಹಾಗೆ."

ಒಡೆದೆ. ಗೆರೆ ಇಲ್ಲದ ಒಂದು ಹಾಳೆ. ಓದಿದೆ.

"ನೀನು ಬರೆದದ್ದು ನಿಜ. ನಾನು ಹಾಗೇ ಅಂದಿದ್ದೆ. ಒಂದಕ್ಷರವೂ ಹೆಚ್ಚುಕಮ್ಮಿ ಇಲ್ಲ. ಈಗ ನನಗೆ ಎಪ್ಪತ್ತೆಂಟು, ಈಗಲೂ ಅದನ್ನೇ ಅನ್ನುತ್ತೇನೆ. ನನ್ನ ಗಂಡ ಸಾಯುವುದನ್ನು ನೀನು ಒಂದು ಸಲ ಚಿತ್ರ ತೆಗೆದಿದ್ದೀಯ. ಇನ್ನೊಬ್ಬನನ್ನು ಕೂರಿಸಿ ಮತ್ತೆ ತೆಗೆಯಬೇಡ."

ಕೆಳಗೆ ಆಕೆಯ ಹೆಸರು. ಪ್ರೀತಿಯ, ವಿಶ್ವಾಸದ ಅಂತ ಏನೂ ಇರಲಿಲ್ಲ.

"ಪೂರ್ತಿ ಓದಿದೆಯಾ?"

"ಪೂರ್ತಿ ಓದಿದೆ ಸರ್."

"ಬಿಟ್ಟದ್ದು?"

"ಏನೂ ಇಲ್ಲ."

ಅವರು, "ಮೆಲ್ಬರ್ನಿಗೆ ಬರಿ. ಬೇಡ ಅಂದಿದ್ದಾಳೆ, ಸಿನಿಮಾ ಇಲ್ಲ ಅಂತ. ಹಗ್ಗದಲ್ಲಿರುವ ಹಾಳೆಗಳನ್ನು ತೆಗೆದುಬಿಡು" ಅಂದರು. ಹದಿನಾರು ವರ್ಷದ ಕೆಲಸ. ನಾನು ಫೋನಿನಲ್ಲಿ ಟೈಪ್ ಮಾಡಿ, ಓದಿ ಹೇಳಿ, ಕಳಿಸಿದೆ. ಸಮಾಧಾನಕ್ಕೆ ಒಂದು ಮಾತು ನಾಲಿಗೆಯ ತುದಿಯವರೆಗೆ ಬಂತು. ನುಂಗಿಕೊಂಡೆ.

"ಅಕ್ಷರ ಹೇಗಿದೆ?" ಅಂತ ಕೇಳಿದರು.

"ನೇರವಾಗಿದೆ ಸರ್. ನೀಲಿ ಬಾಲ್‌ಪೆನ್ನು. ಎಲ್ಲೂ ಹೊಡೆದುಹಾಕಿಲ್ಲ. ಒಂದು ಕಡೆ ಮಾತ್ರ ಜೋರಾಗಿ ಒತ್ತಿ ಬರೆದಿದ್ದಾರೆ, ಹಾಳೆಯ ಹಿಂಬದಿಗೂ ಗುರುತು ಬಿದ್ದಿದೆ."

"ಎಲ್ಲಿ?"

"ನನ್ನ ಗಂಡ ಅಂತ ಬರೆದು ಆತನ ಹೆಸರು ಬರೆದಿದ್ದಾರೆ. ಓದುವಾಗ ಹೆಸರು ಬಿಟ್ಟುಬಿಟ್ಟೆ ಸರ್."

ಆ ಹೆಸರನ್ನು ಆತನ ಹೆಂಡತಿ ಹೇಗೆ ಹೇಳುತ್ತಿದ್ದಳೋ ನನಗೆ ಗೊತ್ತಿರಲಿಲ್ಲ, ಬಾಯಿಗೆ ತರಲು ಹೆದರಿದ್ದೆ. ಈಗ ಹೇಳಿದೆ. ಹಾಳೆ ತಿರುಗಿಸಿ, ಅವರ ತೋರುಬೆರಳು ಹಿಡಿದು, ಉಬ್ಬಿದ ಜಾಗದ ಮೇಲೆ ಇಟ್ಟೆ. ಬೆರಳು ಒಂದೊಂದೇ ಅಕ್ಷರ ದಾಟಿ ಕೊನೆಯವರೆಗೆ ಹೋಯಿತು. ಮತ್ತೆ ಮೊದಲಿಗೆ ಬಂತು. ಭೇಟಿಯ ಹೊತ್ತು ಮುಗಿಯಿತು ಅಂತ ನರ್ಸ್ ಬಂದು ತಲೆ ಬಾಗಿಸಿ ನಿಂತಾಗಲೂ ಅವರ ಬೆರಳು ಆ ಹೆಸರಿನ ಮೇಲೇ ಇತ್ತು.